ನಾನು ಭಾಗ ಮಾಡಿದೆ, ಅವಳು ಆರಿಸಿದಳು

ಒಡಹುಟ್ಟಿದ ತಂಗಿಯ ಮೇಲೆ ದಾವೆ ಹೂಡಿದವಳು ನಾನು. ಇದನ್ನು ಮೊದಲೇ ಹೇಳಿಬಿಡುತ್ತೇನೆ, ಏಕೆಂದರೆ ನಮ್ಮ ನೆಂಟರಲ್ಲಿ ಅನೇಕರು ಅವಳೇ ನನ್ನ ಮೇಲೆ ಹೂಡಿದ್ದು ಎಂದುಕೊಂಡಿದ್ದಾರೆ. ಮದುವೆ ಮನೆಗಳಲ್ಲಿ ಅವರು ನನ್ನ ಕೈ ಹಿಡಿದು ಕನಿಕರ ತೋರಿಸಿದಾಗ ನಾನು ತಿದ್ದದೆ, ತಲೆ ತಗ್ಗಿಸಿ ಕೂತಿದ್ದೇನೆ. ಚಾಮರಾಜಪೇಟೆಯ ನಮ್ಮ ಅಪ್ಪನ ಮನೆಯಲ್ಲಿ ನನಗೆ ಅರ್ಧ ಪಾಲು ಕೊಡಿಸಬೇಕು ಎಂದು ಕೋರ್ಟನ್ನು ಕೇಳಿದ್ದೆ. ಕಾಗದದ ಮೇಲೆ ಇದ್ದದ್ದು ಅಷ್ಟೇ. ನನಗೆ ನಿಜವಾಗಿ ಬೇಕಿದ್ದದ್ದು ಆ ಮನೆಯ ಹಿಂಭಾಗ, ಅದರಲ್ಲೂ ಅಮ್ಮನ ಕೋಣೆ. ಅದಕ್ಕಿಂತ ಹೆಚ್ಚಾಗಿ, ಅದು ತಂಗಿಗೆ ಸಿಗಬಾರದಾಗಿತ್ತು.

ಹೊಟ್ಟೆಕಿಚ್ಚು ಎಂಬ ಮಾತನ್ನು ಜನ ಬೇರೆಯವರಿಗೆ ಮಾತ್ರ ಅಂಟಿಸುತ್ತಾರೆ. ನಾನು ಮೂವತ್ತು ವರ್ಷ ಹೈಸ್ಕೂಲಿನಲ್ಲಿ ಗಣಿತ ಪಾಠ ಮಾಡಿದವಳು. ಉತ್ತರ ಗೊತ್ತಿದ್ದೂ ಬರೆಯದೆ ಬಿಡುವುದು ನನ್ನಿಂದಾಗದು. ನನ್ನ ತಂಗಿಯನ್ನು ಕಂಡರೆ ನನಗೆ ಹೊಟ್ಟೆಕಿಚ್ಚು. ಅವಳು ಹುಟ್ಟಿದಾಗ ನನಗೆ ಐದು ವರ್ಷ, ಅಂದಿನಿಂದಲೂ. ಅವಳ ಜಡೆ ನನ್ನದಕ್ಕಿಂತ ದಪ್ಪ. ಅವಳು ಹೆಪ್ಪು ಹಾಕಿದ ಮೊಸರು ಗಟ್ಟಿಯಾಗಿ ಕೂರುತ್ತದೆ, ನನ್ನದು ನೀರು ಬಿಡುತ್ತದೆ. ಅವಳು ಪಿಯುಸಿಯಲ್ಲಿ ಎರಡು ಸಲ ಡುಮ್ಕಿ ಹೊಡೆದಳು, ನಾನು ಬಿ.ಎಸ್ಸಿ.ಯಲ್ಲಿ ಇಡೀ ಕಾಲೇಜಿಗೆ ಮೊದಲು ಬಂದೆ. ಆದರೂ ಸಂಜೆ ನಾನು ಬಾಗಿಲು ದೂಡಿ ಒಳಗೆ ಬಂದರೆ ಅಡುಗೆಮನೆಯಿಂದ ಅಮ್ಮ ಕೇಳುತ್ತಿದ್ದದ್ದು, "ಬಂದ್ಯಾ? ನಿನ್ ತಂಗಿ ಎಲ್ಲೇ?" ಎಂದು.

ಹಳೆಯ ಚಾಮರಾಜಪೇಟೆಯ ಎಷ್ಟೋ ಮನೆಗಳಂತೆ ನಮ್ಮದೂ ಅಗಲ ಕಡಿಮೆ, ಉದ್ದ ಜಾಸ್ತಿ. ಮುಂದೆ ರಸ್ತೆ, ಹಿಂದೆ ಕಸದ ಗಾಡಿ ಓಡಾಡುವ ಕನ್ಸರ್ವೆನ್ಸಿ ಗಲ್ಲಿ. ರಸ್ತೆಯ ಕಡೆ ಜಗಲಿ, ಹಾಲ್, ಅಪ್ಪನ ಕೋಣೆ, ಮಧ್ಯೆ ನಡುಮನೆ, ಅದರಾಚೆ ಅಡುಗೆಮನೆ, ಅಮ್ಮನ ಕೋಣೆ, ಬಚ್ಚಲು, ಬಟ್ಟೆ ಒಗೆಯುವ ಕಲ್ಲಿದ್ದ ಹಿತ್ತಲು. ಅಪ್ಪನಿಗೆ ಪೇಟೆಯಲ್ಲಿ ಪಾತ್ರೆ ಅಂಗಡಿ. ಅವನು ಹಗಲೆಲ್ಲ ಅಲ್ಲೇ ಇರುತ್ತಿದ್ದ ಕಾರಣ ಮುಂಭಾಗ ಹೆಸರಿಗಷ್ಟೇ ಇತ್ತು. ಮನೆ ಎಂದರೆ ನಮಗೆ ಹಿಂಭಾಗವೇ.

ಅಮ್ಮ ಬೆಳಿಗ್ಗೆ ಸ್ನಾನ ಮಾಡಿ ತನ್ನ ಕೋಣೆಯ ಕಿಟಕಿಯ ಕೆಳಗೆ ಕೂತು, ಎಡಗೈಯಲ್ಲಿ ಲಿಂಗ ಇಟ್ಟುಕೊಂಡು ಪೂಜೆ ಮಾಡುತ್ತಿದ್ದಳು. ಅರ್ಧ ಗಂಟೆ ಯಾರೂ ಮಾತಾಡಿಸುವಂತಿರಲಿಲ್ಲ. ಆದರೆ ತಂಗಿ ಹಾಸಿಗೆಯಿಂದ ಎದ್ದವಳು ನೆಟ್ಟಗೆ ಹೋಗಿ ಅಮ್ಮನ ತೊಡೆಯ ಮೇಲೆ ತಲೆ ಇಟ್ಟು ಮತ್ತೆ ಮಲಗಿಬಿಡುತ್ತಿದ್ದಳು, ಅಮ್ಮ ಏನೂ ಅನ್ನುತ್ತಿರಲಿಲ್ಲ. ನಾನು ಸ್ಕೂಲಿಗೆ ಹೊತ್ತಾಯಿತು ಎಂದು ಬಾಚಣಿಗೆ ಹಿಡಿದು ಬಾಗಿಲಲ್ಲಿ ನಿಂತರೆ ಮಾತ್ರ ಕಣ್ಣಲ್ಲೇ ಗದರಿಸುತ್ತಿದ್ದಳು. ಒಂದು ದಿನ ಧೈರ್ಯ ಮಾಡಿ ನಾನೂ ಹೋಗಿ ಇನ್ನೊಂದು ತೊಡೆಯ ಮೇಲೆ ತಲೆ ಇಟ್ಟೆ. ಪೂಜೆ ಮುಗಿದ ಮೇಲೆ ಅಮ್ಮ, "ದೊಡ್ಡವಳಾಗಿ ನೀನೂ ಅವಳ ಥರ ಆಡ್ತೀಯಲ್ಲೇ" ಎಂದಳು. ಬೈಯಲಿಲ್ಲ, ನಗುತ್ತಲೇ ಹೇಳಿದಳು. ಮತ್ತೆ ನಾನು ಹೋಗಲಿಲ್ಲ.

ನನ್ನನ್ನು ತ್ಯಾಗರಾಜನಗರಕ್ಕೆ ಮದುವೆ ಮಾಡಿಕೊಟ್ಟರು. ತಂಗಿಯ ಗಂಡ ಅಪ್ಪನ ಅಂಗಡಿಗೆ ಕೈಜೋಡಿಸುವವನಾಗಿ, ಮನೆ ಅಳಿಯನಾಗಿ ಬಂದ. ಅವಳು ಹುಟ್ಟಿದ ಮನೆಯಲ್ಲೇ ಉಳಿದಳು, ಮಗಳಾಗಿಯೇ ಸಂಸಾರ ಮಾಡಿದಳು. ತ್ಯಾಗರಾಜನಗರ ದೂರವೇನಲ್ಲ, ಆಟೋದಲ್ಲಿ ಹದಿನೈದು ನಿಮಿಷ. ದೂರದ ಊರಿಗೆ ಕೊಟ್ಟಿದ್ದರೆ ಹೋಗದಿರುವುದಕ್ಕೆ ಒಂದು ನೆಪವಾದರೂ ಸಿಗುತ್ತಿತ್ತು. ನಾನು ಹೋಗುತ್ತಿದ್ದದ್ದು ಕಡಿಮೆ. ಹೋದಾಗಲೆಲ್ಲ ತಂಗಿ ನನಗೆ ಕಾಫಿ ತಂದು ಕೊಡುವಳು, ನೆಂಟರಿಗೆ ಕೊಡುವಂತೆ, ಲೋಟದ ಜೊತೆ ಬಟ್ಟಲಿಟ್ಟು. ಅದು ನನ್ನ ಅಪ್ಪನ ಮನೆಯ ಕಾಫಿ ಎಂದು ಮನಸ್ಸಿನಲ್ಲೇ ಅಂದುಕೊಳ್ಳುತ್ತಾ ಕುಡಿಯುತ್ತಿದ್ದೆ.

ಅಪ್ಪ ಮೊದಲು ಹೋದ. ಆಮೇಲೆ ಕೆಲವು ವರ್ಷಕ್ಕೆ ಅಮ್ಮ ಬಚ್ಚಲಲ್ಲಿ ಜಾರಿ ಸೊಂಟ ಮುರಿದುಕೊಂಡು ಮಲಗಿದವಳು ಏಳಲೇ ಇಲ್ಲ. ಹದಿನಾಲ್ಕು ತಿಂಗಳು ಆ ಕೋಣೆಯಲ್ಲೇ ಇದ್ದಳು. ನಾನು ಭಾನುವಾರ ಭಾನುವಾರ ಮೋಸಂಬಿ ತೆಗೆದುಕೊಂಡು ಹೋಗುತ್ತಿದ್ದೆ. ತಂಗಿ ಆ ಹೊತ್ತಿಗೆ ಅಮ್ಮನಿಗೆ ಮೈ ಒರೆಸಿ, ತಲೆ ಬಾಚಿ, ವಿಭೂತಿ ಹಚ್ಚಿ ಸಿದ್ಧ ಮಾಡಿಟ್ಟಿರುತ್ತಿದ್ದಳು. ಕೋಣೆ ಅಚ್ಚುಕಟ್ಟಾಗಿ ಕಾಣುತ್ತಿತ್ತು. ಅಮ್ಮನ ನೋವು ನಾನು ನೋಡಿದ್ದು ಬಹಳ ಕಡಿಮೆ. ಭಾನುವಾರ ಹನ್ನೊಂದರಿಂದ ಹನ್ನೆರಡೂವರೆಯವರೆಗೆ ಅಮ್ಮ ಮಲಗಿರುತ್ತಿದ್ದಳು, ಅಷ್ಟೇ.

ಒಂದು ಭಾನುವಾರ ತಂಗಿ ಔಷಧಿ ತರಲು ಹೊರಗೆ ಹೋಗಿದ್ದಳು. ನಾನೊಬ್ಬಳೇ ಇದ್ದೆ. ಅಮ್ಮ ಕಣ್ಣು ಮುಚ್ಚಿಕೊಂಡೇ ತಂಗಿಯ ಹೆಸರು ಹಿಡಿದು ಕರೆದಳು. ನಾನು "ಹ್ಞೂಂ" ಎಂದೆ. ಗಂಜಿಯ ಬಟ್ಟಲು ಎತ್ತಿಕೊಂಡು ಚಮಚ ಬಾಯಿಗಿಟ್ಟೆ. ನಾಲ್ಕು ಚಮಚ ಕುಡಿದಳು. ಐದನೆಯದಕ್ಕೆ ನಾನು, "ಇನ್ನೊಂಚೂರು ಕುಡಿಯಮ್ಮ" ಎಂದೆ. ದನಿ ಕೇಳಿದ್ದೇ ಅಮ್ಮ ಕಣ್ಣು ತೆರೆದು ನೋಡಿದಳು. ತುಟಿ ಮುಚ್ಚಿಕೊಂಡಳು. "ಅವಳು ಬರ್ಲಿ" ಎಂದಳು. ನಾನು ಬಟ್ಟಲು ಕೆಳಗಿಟ್ಟು, ತಂಗಿ ಬರುವವರೆಗೂ ಕಿಟಕಿಯಾಚೆ ಹಿತ್ತಲನ್ನು ನೋಡುತ್ತಾ ಕೂತೆ. ಇದನ್ನು ನಾನು ನಮ್ಮ ಯಜಮಾನರಿಗೂ ಹೇಳಿಲ್ಲ. ಬೇರೆಯವರ ಕೈಯಲ್ಲಿ ತಿನ್ನಬೇಡ ಎಂದು ತಂಗಿಯೇ ಅಮ್ಮನಿಗೆ ಅಭ್ಯಾಸ ಮಾಡಿಸಿದ್ದಾಳೆ ಎಂದು ನನಗೆ ನಾನೇ ಹೇಳಿಕೊಂಡೆ, ಆಮೇಲಾಮೇಲೆ ಅದನ್ನು ನಂಬಿಯೂ ಬಿಟ್ಟೆ.

ಅಮ್ಮ ಹೋದದ್ದು ಒಂದು ಬುಧವಾರ. ನಾನು ಸ್ಕೂಲಿನಲ್ಲಿ ಕಿರುಪರೀಕ್ಷೆಯ ಮೇಲ್ವಿಚಾರಣೆಯಲ್ಲಿದ್ದೆ. ನಾನು ಹೋಗುವಷ್ಟರಲ್ಲಿ ತಂಗಿ ಅಮ್ಮನಿಗೆ ಸೀರೆ ಉಡಿಸಿ ಆಗಿತ್ತು. ನಮ್ಮ ಪದ್ಧತಿಯಂತೆ ಲಿಂಗವನ್ನು ಅಮ್ಮನ ಜೊತೆಗೇ ಮಣ್ಣು ಮಾಡಿದರು. ಅಮ್ಮನ ಕೈಯಲ್ಲಿ ಅರವತ್ತು ವರ್ಷ ಇದ್ದದ್ದು ಅವಳ ಜೊತೆಗೇ ಹೋಯಿತು, ನಮ್ಮಿಬ್ಬರಲ್ಲಿ ಯಾರಿಗೂ ಉಳಿಯಲಿಲ್ಲ. ಅದೊಂದು ನನಗೆ ಸಮಾಧಾನವಾಗಿತ್ತು.

ಹನ್ನೊಂದನೆಯ ದಿನ ಶಿವಗಣಾರಾಧನೆ ಮುಗಿದು ಊಟಕ್ಕೆ ಬಂದವರೆಲ್ಲ ಹೋದ ಮೇಲೆ ನಾನು ತಂಗಿಯನ್ನು ಕೇಳಿದೆ, "ಅಮ್ಮನ ರೂಮಿನ ಬೀಗದ ಕೈ ಕೊಡೇ. ಸ್ವಲ್ಪ ಹೊತ್ತು ಕೂತ್ಕೊಂಡು ಬರ್ತೀನಿ."

ಅವಳು ಕೋಣೆಗೆ ಬೀಗ ಹಾಕಿಬಿಟ್ಟಿದ್ದಳು. ಎಂಜಲೆಲೆ ಎತ್ತುತ್ತಿದ್ದವಳು ನನ್ನ ಮುಖ ನೋಡದೆ, "ಬೇಡ ಅಕ್ಕ. ಆ ಬಾಗ್ಲು ಈಗ ತೆಗೆಯೋದು ಬೇಡ" ಎಂದಳು.

ಅಷ್ಟೇ ಸಾಕಾಯಿತು. ಬದುಕಿದ್ದಾಗಲೂ ಅಮ್ಮನನ್ನು ತನ್ನವಳನ್ನಾಗಿ ಮಾಡಿಕೊಂಡಳು, ಸತ್ತ ಮೇಲೂ ಬೀಗ ಹಾಕಿ ಇಟ್ಟುಕೊಂಡಿದ್ದಾಳೆ ಎಂದು ನನಗೆ ಮೈ ಉರಿದುಹೋಯಿತು. ಮೂರು ತಿಂಗಳಲ್ಲಿ ವಕೀಲರನ್ನು ಹಿಡಿದೆ.

ಅಪ್ಪ ಅಮ್ಮ ಇಬ್ಬರೂ ವಿಲ್ ಬರೆದಿರಲಿಲ್ಲ. ಹಾಗಾಗಿ ಇದು ಸುಲಭದ ಕೇಸು, ಇಬ್ಬರು ಹೆಣ್ಣುಮಕ್ಕಳು, ಅರ್ಧ ಅರ್ಧ ಎಂದರು ನಮ್ಮ ವಕೀಲರು. ಆದರೂ ವಾದಪತ್ರದಲ್ಲಿ ಖಾರ ಸ್ವಲ್ಪ ಹೆಚ್ಚೇ ಇರಬೇಕು ಎಂದು ಅವರು ಒಂದು ಸಾಲು ಸೇರಿಸಿದರು: ಪ್ರತಿವಾದಿಯು ವಯೋವೃದ್ಧೆಯಾದ ತಾಯಿಯನ್ನು ತನ್ನ ಹಿಡಿತದಲ್ಲಿಟ್ಟುಕೊಂಡು ವಾದಿಯಿಂದ ದೂರ ಮಾಡಿದ್ದಾಳೆ. ಆ ಸಾಲನ್ನು ಎರಡು ಸಲ ಓದಿದೆ. ಐವತ್ತು ವರ್ಷ ನನ್ನ ಹೊಟ್ಟೆಯೊಳಗೆ ಉರಿಯುತ್ತಿದ್ದದ್ದನ್ನು ಒಬ್ಬ ಟೈಪಿಸ್ಟ್ ನೀಟಾಗಿ ಟೈಪು ಮಾಡಿಟ್ಟಿದ್ದ. ಸಂತೋಷದಿಂದ ಸಹಿ ಹಾಕಿದೆ.

ಅವಳ ಕಡೆಯ ಉತ್ತರ ಬಂತು. ತಾಯಿಯವರು ಬಾಯಿಮಾತಿನಲ್ಲಿ ಇಡೀ ಮನೆಯನ್ನು ಕಿರಿಯ ಮಗಳಿಗೇ ಕೊಟ್ಟಿರುತ್ತಾರೆ ಎಂದು ಅದರಲ್ಲಿತ್ತು. ಬಾಯಿಮಾತು ಕೋರ್ಟಿನಲ್ಲಿ ನಿಲ್ಲುವುದಿಲ್ಲ, ಇದು ಅವಳ ಗಂಡ ಬರೆಸಿದ್ದು, ತಲೆ ಕೆಡಿಸಿಕೊಳ್ಳಬೇಡಿ ಎಂದರು ವಕೀಲರು. ನನ್ನ ಸಂಕಟವೇ ಬೇರೆ. ಅಮ್ಮ ಹಾಗೆ ಹೇಳಿದ್ದರೂ ಹೇಳಿರಬಹುದು. ಹೇಳುವಂಥವಳೇ.

ಆರು ವರ್ಷ ಹೀಗೇ ನಡೆಯಿತು. ನಡುವೆ ಕೊರೋನಾ ಬಂತು, ನ್ಯಾಯಾಧೀಶರು ಬದಲಾದರು, ನಾನು ನಿವೃತ್ತಳಾದೆ. ಕೋರ್ಟಿನ ಕಾರಿಡಾರಿನಲ್ಲಿ ಬೆಂಚುಗಳು ಕಡಿಮೆ. ಎಷ್ಟೋ ಸಲ ವಾದಿ, ಪ್ರತಿವಾದಿ ಇಬ್ಬರೂ ಒಂದೇ ಬೆಂಚಿನಲ್ಲಿ ಕೂರಬೇಕಾಗುತ್ತಿತ್ತು. ಅವಳು ಡಬ್ಬಿ ತರುತ್ತಿದ್ದಳು. ಮುಚ್ಚಳ ತೆಗೆದು, ಮುಚ್ಚಳದಲ್ಲಿ ಒಂದಿಷ್ಟು ಚಿತ್ರಾನ್ನ ಹಾಕಿ, ಮಾತಿಲ್ಲದೆ ನನ್ನ ಕಡೆ ಸರಿಸುತ್ತಿದ್ದಳು. ನಾನು ಮುಖ ಆ ಕಡೆ ತಿರುಗಿಸಿ ಕೂರುತ್ತಿದ್ದೆ. ಅಮ್ಮನ ಕೈಯ ಚಿತ್ರಾನ್ನದ್ದೇ ವಾಸನೆ. ಆ ಕೈರುಚಿಯೂ ಅವಳಿಗೇ ಬಂದಿದೆಯಲ್ಲ ಎಂದು ನನಗೆ ಹಸಿವೇ ಇಂಗಿಹೋಗುತ್ತಿತ್ತು.

ಅಮ್ಮ ಹೋದ ಮೇಲೆ ಅವಳು ಅಡುಗೆಯನ್ನು ಮುಂದಿನ ಹಾಲ್‌ನ ಮೂಲೆಗೆ ತಂದುಕೊಂಡು, ಅಪ್ಪನ ಕೋಣೆಗೇ ಬಚ್ಚಲು ಕಟ್ಟಿಸಿಕೊಂಡಿದ್ದಾಳೆ ಎಂದು ಒಬ್ಬರು ನೆಂಟರು ಹೇಳಿದರು. ಮುಂದುಗಡೆ ಬಾಗಿಲು ತೆಗೆದರೆ ಗ್ಯಾಸ್ ಒಲೆಯೇ ಕಾಣುತ್ತದಂತೆ. ಅಮ್ಮ ಬೇಯಿಸಿದ ಅಡುಗೆಮನೆ ಇವಳಿಗೆ ಹಳತಾಯಿತು, ಓಪನ್ ಕಿಚನ್ ಬೇಕಾಯಿತು ಎಂದು ನಾನು ಮೂಗು ಮುರಿದೆ. ಆ ವಾರ ಸಿಕ್ಕವರಿಗೆಲ್ಲ ಹೇಳಿದೆ.

ಕಡೆಗೆ ಹೊಸ ನ್ಯಾಯಾಧೀಶರು, ಇದು ಅಕ್ಕತಂಗಿಯರ ವಿಷಯ, ಕೂತು ಮಾತಾಡಿಕೊಳ್ಳಿ ಎಂದು ನಮ್ಮನ್ನು ಮಧ್ಯಸ್ಥಿಕೆಗೆ ಕಳಿಸಿದರು. ಅಲ್ಲಿ ಸಿಕ್ಕವರು ನನ್ನದೇ ವಯಸ್ಸಿನ ಒಬ್ಬ ಹೆಂಗಸು, ಹಿರಿಯ ವಕೀಲರು. ನಮಗೆ ನೀರು ಕೊಟ್ಟು, ಎರಡೂ ಕಡೆಯ ವಕೀಲರನ್ನು ಪಕ್ಕಕ್ಕೆ ಕೂರಿಸಿ, "ಮನೆ ಮಾರೋದು ನಿಮ್ಮಿಬ್ರಿಗೂ ಇಷ್ಟ ಇಲ್ಲ. ಹಂಗಿದ್ರೆ ಮನೇನೇ ಎರಡು ಭಾಗ ಮಾಡ್ಬೇಕು. ಹೆಂಗ್ ಮಾಡೋಣ, ನೀವೇ ಹೇಳಿ" ಎಂದರು.

ತಂಗಿಯ ಗಂಡ ಏನೋ ಹೇಳಲು ಬಾಯಿ ತೆಗೆದ. ಅಷ್ಟರಲ್ಲಿ ಅವಳೇ ಹೇಳಿದಳು: "ನಮ್ಮಮ್ಮ ಮಾಡ್ತಿದ್ದ ಹಂಗೇ ಮಾಡಿ ಮೇಡಂ. ಅಕ್ಕ ಭಾಗ ಮಾಡ್ಲಿ, ನಾನು ಆರಿಸ್ಕೋತೀನಿ."

ನಾನು ಬೆಚ್ಚಿಬಿದ್ದೆ. ಅದು ನಮ್ಮ ಮನೆಯ ಕಾನೂನು. ಇಬ್ಬರಿಗೆ ಒಂದೇ ಹೋಳಿಗೆ ಉಳಿದರೆ ದೊಡ್ಡವಳು ಮುರಿಯಬೇಕು, ಚಿಕ್ಕವಳು ಮೊದಲು ಆರಿಸಬೇಕು. ಮುರಿಯುವವಳು ಮೋಸ ಮಾಡುವಂತಿಲ್ಲ, ಮಾಡಿದರೆ ದೊಡ್ಡ ತುಂಡು ಇನ್ನೊಬ್ಬಳಿಗೆ ಹೋಗುತ್ತದೆ. ಕೇಳುವುದಕ್ಕೆ ನ್ಯಾಯವೇ. ಆದರೆ ಪ್ರತಿ ಸಲ ಆರಿಸುವ ಸುಖ ಅವಳದು, ಮುರಿಯುವ ಕೆಲಸ ನನ್ನದು. ಹಾಗಾಗಿ ನಾನು ಒಂದು ಉಪಾಯ ಕಲಿತಿದ್ದೆ. ಹೂರಣವನ್ನು ಹೆಬ್ಬೆರಳಿನಿಂದ ಮೆಲ್ಲಗೆ ಒಂದು ಕಡೆಗೆ ಒತ್ತಿ, ಆ ಕಡೆಯನ್ನು ಚಿಕ್ಕದಾಗಿ ಮುರಿಯುತ್ತಿದ್ದೆ. ಅವಳು ದೊಡ್ಡ ತುಂಡು ಆರಿಸುತ್ತಿದ್ದಳು, ಬರೀ ಕಣಕ. ಚಿಕ್ಕ ತುಂಡು ನನಗೆ, ತುಂಬ ಹೂರಣ. ಅವಳಿಗೆ ಗೊತ್ತಾಗಲೇ ಇಲ್ಲ ಎಂದುಕೊಂಡು ನಾನು ದೊಡ್ಡವಳಾದೆ.

"ನಿಮಗೆ ಒಪ್ಪಿಗೆನಾ?" ಎಂದು ಮಧ್ಯಸ್ಥಿಕೆಯ ಮೇಡಂ ನನ್ನನ್ನು ಕೇಳಿದರು.

"ಒಪ್ಪಿಗೆ" ಎಂದೆ. ಅಷ್ಟು ಬೇಗ ಹೇಳಿದ್ದು ಕೇಳಿ ನಮ್ಮ ವಕೀಲರು ತಿರುಗಿ ನೋಡಿದರು.

ಸರ್ವೆಯವರು ಟೇಪು ಹಿಡಿದು ಬಂದ ದಿನ ನಾನೂ ಚಾಮರಾಜಪೇಟೆಗೆ ಹೋದೆ. ಆರು ವರ್ಷದ ಮೇಲೆ ಆ ಮನೆಯೊಳಗೆ ಕಾಲಿಟ್ಟಿದ್ದೆ. ಮುಂಭಾಗ ಅಳೆಯುವಾಗ ತಂಗಿ ಜೊತೆಯಲ್ಲೇ ಓಡಾಡಿದಳು. ಹಿಂದಕ್ಕೆ ಹೋಗುವ ಹೊತ್ತಿಗೆ ಬೀಗದ ಕೈಯನ್ನು ನನ್ನ ಕೈಗೆ ಕೊಟ್ಟು, ತಾನು ನಡುಮನೆಯಲ್ಲೇ ನಿಂತಳು. ಮಹಾರಾಣಿಗೆ ಬಂದು ತೋರಿಸುವುದಕ್ಕೂ ಪುರುಸೊತ್ತಿಲ್ಲ ಎಂದುಕೊಂಡೆ. ಅಮ್ಮನ ಕೋಣೆಯಲ್ಲಿ ಮಂಚ ಹಾಗೇ ಇತ್ತು, ಹಾಸಿಗೆ ಸುತ್ತಿಟ್ಟಿತ್ತು. ಧೂಳು ಒಂದು ಬೆರಳು ಕೂತಿತ್ತು. ನಾನು ಟೇಪಿನ ಒಂದು ತುದಿ ಹಿಡಿದು ಕಿಟಕಿಯ ಗೋಡೆಗೆ ಒತ್ತಿ ನಿಂತೆ. ಸರ್ವೆಯವರು ಎಷ್ಟೆಷ್ಟೋ ಅಂಕಿ ಕೂಗಿದರು. ನನ್ನ ಕಿವಿಗೆ ಒಂದೂ ಹೋಗಲಿಲ್ಲ. ಇದು ನನ್ನದಾಗಬೇಕು ಎನ್ನುವುದೊಂದೇ ತಲೆಯಲ್ಲಿತ್ತು.

ಮನೆಗೆ ಬಂದು ಗ್ರಾಫ್ ಹಾಳೆ ಹರಡಿಕೊಂಡು ಕೂತೆ. ನಡುಮನೆಯ ಮಧ್ಯೆ ಗೆರೆ ಎಳೆದೆ. ಮುಂಭಾಗ ಎ, ಹಿಂಭಾಗ ಬಿ. ಆಮೇಲೆ ಎ ಕಡೆಗೆ ಒಂದೊಂದೇ ಆಸೆ ಸೇರಿಸಿದೆ. ರಸ್ತೆಯ ಕಡೆಯ ಗೇಟು ಪೂರ್ತಿ ಅದಕ್ಕೇ. ಕಾವೇರಿ ನೀರಿನ ಸಂಪು ಅದಕ್ಕೇ. ಅಂಗಡಿ ಮಾಡಬೇಕೆಂದು ತಂಗಿಯ ಗಂಡ ಬಾಯಿಬಾಯಿ ಬಿಡುತ್ತಿದ್ದ ಜಗಲಿ ಅದಕ್ಕೇ. ಬಿ ಭಾಗದವರು ಕನ್ಸರ್ವೆನ್ಸಿ ಗಲ್ಲಿಯಿಂದ ಓಡಾಡತಕ್ಕದ್ದು ಎಂದು ಬರೆದೆ. ಬಿ ಭಾಗಕ್ಕೆ ಹಿತ್ತಲ ಜಾಗ ಸ್ವಲ್ಪ ಹೆಚ್ಚು ಬಂತು, ನೋಡುವವರ ಕಣ್ಣಿಗೆ ಅಷ್ಟೇ. ಯಾರು ನೋಡಿದರೂ ಎ ಎನ್ನುವಂತೆ ಮಾಡಿಟ್ಟೆ.

ನಮ್ಮ ಯಜಮಾನರು ಹಾಳೆ ನೋಡಿ ಕನ್ನಡಕ ತೆಗೆದರು. "ನಿಂಗೆ ಏನಾಗಿದೆ? ಒಳ್ಳೇದೆಲ್ಲ ಆ ಕಡೆ ಹಾಕಿದೀಯ. ಅವಳು ಅದನ್ನೇ ತಗೋತಾಳೆ."

"ತಗೊಳ್ಳಿ ಅಂತಾನೇ ಹಾಕಿರೋದು" ಎಂದೆ.

ವಕೀಲರೂ ಹೇಳಿ ನೋಡಿದರು. "ಎಲ್ರೂ ರಸ್ತೆ ಮುಖಕ್ಕೆ ಹೊಡೆದಾಡ್ತಾರೆ ಮೇಡಂ. ನೀವು ಕಸದ ಗಾಡಿ ಬರೋ ಗಲ್ಲಿ ಕೇಳ್ತಿದೀರ." ನಾನು ಬದಲಾಯಿಸಲಿಲ್ಲ. ಮುಂಭಾಗಕ್ಕೆ ಬೆಲೆ ಹೆಚ್ಚು ಎನ್ನುವುದು ನನಗೂ ಗೊತ್ತಿತ್ತು. ಗಣಿತದವಳಿಗೆ ಅದನ್ನು ಬಿಡಿಸಿ ಹೇಳಬೇಕಾಗಿರಲಿಲ್ಲ.

ಮುಂದಿನ ತಾರೀಕಿಗೆ ಹತ್ತು ದಿನ ಇತ್ತು. ಆ ಹತ್ತು ದಿನ ನನ್ನನ್ನು ಒಂದೇ ಭಯ ತಿಂದಿತು. ಅವಳು ಅಮ್ಮನ ಮಗಳು. ರಸ್ತೆ ಬೇಡ, ಸಂಪು ಬೇಡ, ಅಮ್ಮನ ಕೋಣೆ ಕೊಡಿ ಎಂದು ಬಿ ಮೇಲೆ ಬೆರಳಿಟ್ಟರೆ? ಆಗ ನನಗೆ ದಕ್ಕುವುದು ಒಂದು ಗೇಟು, ಒಂದು ಸಂಪು. ಬಸವನಗುಡಿಗೆ ತರಕಾರಿಗೆ ಹೋದವಳು ಏನು ಕೊಳ್ಳಬೇಕೆಂದು ಮರೆತು ಬರಿಗೈಯಲ್ಲಿ ಬಂದೆ. ಯಜಮಾನರ ಮೇಲೆ ಸುಮ್ಮಸುಮ್ಮನೆ ರೇಗಿದೆ.

ಆ ದಿನ ಮಧ್ಯಸ್ಥಿಕೆಯ ಮೇಡಂ ನಕ್ಷೆಯನ್ನು ಮೇಜಿನ ಮೇಲೆ ಹರಡಿ ತಂಗಿಯ ಕಡೆ ತಿರುಗಿಸಿದರು. ಅವಳ ಗಂಡ ಬಗ್ಗಿ ಕಿವಿಯಲ್ಲಿ ಏನೋ ಹೇಳಿದ. ಅವಳು ಕೈ ಎತ್ತಿ ಅವನನ್ನು ಸುಮ್ಮನಾಗಿಸಿದಳು. ನಕ್ಷೆಯನ್ನು ಬಹಳ ಹೊತ್ತು ನೋಡಿದಳು. ಅವಳ ಬೆರಳು ಮುಂಭಾಗದ ಮೇಲೂ ಇರಲಿಲ್ಲ, ಹಿಂಭಾಗದ ಮೇಲೂ ಇರಲಿಲ್ಲ, ನಾನು ಎಳೆದಿದ್ದ ಗೆರೆಯ ಮೇಲಿತ್ತು.

"ಅಕ್ಕ, ಹಿಂದಿಂದು ನಿಂಗೆ ಬಂದ್ರೆ ನೀನು ಅಲ್ಲಿ ಬಂದು ಇರ್ತೀಯಾ?" ಎಂದು ಕೇಳಿದಳು. ಆರು ವರ್ಷದಲ್ಲಿ ಅವಳು ನನ್ನನ್ನು ನೇರವಾಗಿ ಕೇಳಿದ ಮೊದಲ ಪ್ರಶ್ನೆ ಅದು.

"ಇರ್ತೀನಿ, ಬಿಡ್ತೀನಿ. ಅದು ನನ್ನಿಷ್ಟ" ಎಂದೆ.

"ಹಂಗಲ್ಲ. ಕಿಟಕಿ ಬಾಗ್ಲು ತೆಗೆದಿಡು ಅಂತ ಹೇಳಕ್ಕೆ ಕೇಳ್ದೆ. ಗಾಳಿ ಆಡಲಿ." ಹಾಗೆಂದು ಬೆರಳನ್ನು ಎ ಮೇಲೆ ಸರಿಸಿದಳು. "ನಂಗೆ ಇದು ಸಾಕು ಮೇಡಂ."

ಗೆದ್ದಿದ್ದೆ. ಅಲ್ಲೇ ಎದ್ದು ನಿಲ್ಲಬೇಕೆನಿಸುವಷ್ಟು ಖುಷಿಯಾಯಿತು. ಆದರೆ ಆಟೋದಲ್ಲಿ ಮನೆಗೆ ಬರುವ ಹದಿನೈದು ನಿಮಿಷದಲ್ಲಿ ಆ ಖುಷಿ ಸಿಟ್ಟಾಗಿ ತಿರುಗಿತ್ತು. ಇಷ್ಟೇನಾ? ಅಮ್ಮನ ತೊಡೆ, ಅಮ್ಮನ ಕೈರುಚಿ, ಅಮ್ಮನ ಕಡೆಯ ತುತ್ತು ಎಲ್ಲವನ್ನೂ ಬಾಚಿಕೊಂಡವಳು ಕಡೆಗೆ ಒಂದು ಗೇಟಿಗೆ, ಒಂದು ಜಗಲಿಗೆ ಅಮ್ಮನ ಕೋಣೆ ಬಿಟ್ಟುಕೊಟ್ಟಳೇ? ಅಮ್ಮ ನೋಡಬೇಕಿತ್ತು ಇದನ್ನು. ಯಾರು ಮಗಳು, ಯಾರು ಅಲ್ಲ ಎಂದು ಈಗ ಅವಳಿಗೆ ತಿಳಿಯುತ್ತಿತ್ತು. ನನ್ನ ಜೀವಮಾನದಲ್ಲಿ ಮೊದಲ ಸಲ ನಾನು ತಂಗಿಗಿಂತ ಮೇಲೆ ನಿಂತಿದ್ದೆ. ಆ ತಿಂಗಳು ಎರಡು ಗೃಹಪ್ರವೇಶ, ಒಂದು ನಾಮಕರಣಕ್ಕೆ ಹೋದೆ. ಮೂರು ಕಡೆಯೂ ಈ ಕಥೆಯನ್ನು ಹೇಳಿದೆ: "ನಂಗೆ ರಸ್ತೆ ಬೇಡ, ಅಂಗಡಿ ಬೇಡ. ಅಮ್ಮ ಕೂತ ಜಾಗ ಸಿಕ್ಕಿದ್ರೆ ಸಾಕು ಅಂದೆ. ಅವಳು ನೋಡಿ, ಕಣ್ಣು ಮಿಟುಕಿಸದೆ ಮುಂದಿಂದು ತಗೊಂಡ್ಳು." ಕೇಳಿದವರೆಲ್ಲ ನನ್ನನ್ನು ಕೊಂಡಾಡಿದರು.

ಮಧ್ಯಸ್ಥಿಕೆಯಲ್ಲಿ ಆದ ಒಪ್ಪಂದವನ್ನು ಕೋರ್ಟು ಒಪ್ಪಿದ ಮೇಲೇ ಅದಕ್ಕೆ ಬಲ. ಎರಡೂ ಕಡೆಯವರು ಖುದ್ದಾಗಿ ಹೋಗಿ, ಯಾರ ಬಲವಂತವೂ ಇಲ್ಲದೆ ಒಪ್ಪಿದ್ದೇವೆ ಎಂದು ನ್ಯಾಯಾಧೀಶರ ಮುಂದೆ ಹೇಳಬೇಕು. ಆಮೇಲೆ ಅದೇ ಡಿಕ್ರಿ. ಆ ದಿನ ನಾನು ಹೊಸ ಇಳಕಲ್ ಸೀರೆ ಉಟ್ಟು ಹೋದೆ. ತಂಗಿ ದಿನಾ ಉಡುವಂಥ ಒಂದು ಸೀರೆಯಲ್ಲಿ, ಬರಿಗೈಯಲ್ಲಿ ಬಂದಿದ್ದಳು. ಈ ಸಲ ಡಬ್ಬಿಯೂ ಇರಲಿಲ್ಲ.

ನಮ್ಮ ಕೇಸು ಕೂಗಿದರು. ಇಬ್ಬರೂ ಮುಂದೆ ಹೋಗಿ ಅಕ್ಕಪಕ್ಕ ನಿಂತೆವು. ನ್ಯಾಯಾಧೀಶರು ರಾಜಿಪತ್ರದ ಹಾಳೆಗಳನ್ನು ಒಂದೊಂದಾಗಿ ತಿರುವಿದರು. ನಲವತ್ತು ದಾಟಿರದ ಹೆಂಗಸು. ನನ್ನ ಶಿಷ್ಯೆಯ ವಯಸ್ಸು.

"ಅಮ್ಮಾ, ಓದಿದೀರಾ? ಅರ್ಥ ಮಾಡ್ಕೊಂಡೇ ಸಹಿ ಮಾಡಿದೀರಾ?" ಎಂದು ನನ್ನನ್ನು ಕೇಳಿದರು.

"ಹೌದು."

"ರಸ್ತೆ ಕಡೆ ಭಾಗ ನಿಮ್ಮ ತಂಗಿಗೆ ಹೋಗ್ತಿದೆ. ನಿಮ್ದು ಹಿಂದಿನ ಭಾಗ. ಯಾರಾದ್ರೂ ಬಲವಂತ ಮಾಡಿದ್ರಾ?"

"ಇಲ್ಲ. ನಾನೇ ಇಷ್ಟಪಟ್ಟದ್ದು" ಎಂದೆ. ದನಿ ಸ್ವಲ್ಪ ಎತ್ತರಿಸಿಯೇ ಹೇಳಿದೆ, ಹಿಂದಿನ ಬೆಂಚಿನವರಿಗೂ ಕೇಳಲಿ ಎಂದು.

ನ್ಯಾಯಾಧೀಶರು ತಂಗಿಯ ಕಡೆ ತಿರುಗಿದರು. "ನಿಮ್ಮಕ್ಕ ಭಾಗ ಮಾಡಿದ್ದಾರೆ, ನೀವು ಆರಿಸ್ಕೊಂಡಿದೀರ ಅಂತ ಇದೆ. ಇದನ್ನೇ ಆರಿಸು ಅಂತ ನಿಮಗೆ ಯಾರಾದ್ರೂ ಹೇಳ್ಕೊಟ್ರಾ? ನಿಮ್ಮ ಯಜಮಾನರು?"

"ಇಲ್ಲ ಮೇಡಂ. ಯಾರೂ ಹೇಳ್ಲಿಲ್ಲ." ಅವಳು ಅಷ್ಟಕ್ಕೇ ನಿಲ್ಲಿಸಬಹುದಿತ್ತು. ಆದರೆ ಕೇಳಿದ್ದಕ್ಕೆ ಪೂರ್ತಿ ಉತ್ತರ ಕೊಡಬೇಕೆಂದು ತಿಳಿದುಕೊಂಡಳೋ ಏನೋ, ಎರಡೂ ಕೈಯಲ್ಲಿ ಕಟಕಟೆಯ ಅಡ್ಡಪಟ್ಟಿ ಹಿಡಿದುಕೊಂಡು ಹೇಳಿದಳು. "ಹಿಂದಿನ ರೂಮಲ್ಲಿ ನಮ್ಮಮ್ಮ ಹದಿನಾಲ್ಕು ತಿಂಗ್ಳು ಮಲಗಿದ್ರು. ಬೆನ್ನೆಲ್ಲ ಹುಣ್ಣಾಗಿತ್ತು. ಮಗ್ಗುಲು ತಿರುಗ್ಸಿದಾಗೆಲ್ಲ ಕಿರುಚೋರು. ಸಾಯ್ಸಿಬಿಡೇ ಅಂತ ನನ್ನ ಕೈ ಹಿಡ್ಕೊಂಡು ಕೇಳೋರು. ನಂಗೆ ಈಗ್ಲೂ ಆ ಕಡೆ ಹೋಗಕ್ಕಾಗಲ್ಲ ಮೇಡಂ, ಹೊಸ್ತಿಲು ದಾಟಕ್ಕಾಗಲ್ಲ. ಹಿಂದಿಂದು ನಂಗೆ ಬಂದ್ರೂ ಬೀಗ ಹಾಕೇ ಇಡ್ತೀನಿ. ಅಕ್ಕಂಗಾದ್ರೆ ಅಂಥದ್ದೇನೂ ಇಲ್ಲ. ಅಲ್ಲಿ ಅವಳಿಗೆ ಏನೂ ನೆನಪಾಗಲ್ಲ. ಆರಾಮಾಗಿರ್ತಾಳೆ."

ಅವಳ ದನಿಯಲ್ಲಿ ಕುಹಕವಿರಲಿಲ್ಲ. ಇದ್ದಿದ್ದರೆ ಚೆನ್ನಾಗಿತ್ತು, ಕುಹಕಕ್ಕೆ ನನ್ನ ಹತ್ತಿರ ಉತ್ತರಗಳು ಸಿದ್ಧವಾಗಿದ್ದವು. ಅವಳು ನನ್ನ ಕಡೆ ನೋಡಿ ತಲೆಯಾಡಿಸಿದಳು, ಸರಿಯಾಗಿ ಹೇಳಿದೆ ತಾನೇ ಎಂದು ಕೇಳುವಂತೆ.

ಅಮ್ಮ ಕಿರುಚುತ್ತಿದ್ದಳು ಎಂದು ನನಗೆ ಗೊತ್ತಿರಲಿಲ್ಲ. ಬೆನ್ನಿನ ಹುಣ್ಣು ನಾನು ನೋಡಿರಲಿಲ್ಲ. ಭಾನುವಾರ ಹನ್ನೊಂದಕ್ಕೆ ಮೊದಲು ಎಲ್ಲವನ್ನೂ ತೊಳೆದು, ಒರೆಸಿ, ಮುಚ್ಚಿಟ್ಟು ಅವಳು ನನಗೆ ಬಾಗಿಲು ತೆಗೆಯುತ್ತಿದ್ದಳು.

ನ್ಯಾಯಾಧೀಶರು ಸ್ಟೆನೋ ಕಡೆ ತಿರುಗಿ, ಉಭಯ ಪಕ್ಷದವರು ಖುದ್ದು ಹಾಜರಿದ್ದು ಸ್ವಇಚ್ಛೆಯಿಂದ ಒಪ್ಪಿರುತ್ತಾರೆ ಎಂದು ಬರೆಸಿದರು. ವಕೀಲರು ಹಾಳೆ ಮುಂದಿಟ್ಟು ಪೆನ್ನು ಕೊಟ್ಟರು. ಅವರು ತೋರಿಸಿದ ಕಡೆ ಸಹಿ ಹಾಕಿದೆ. ಅಮ್ಮನ ಕೋಣೆ ನನ್ನದಾಯಿತು. ಅದರ ಹೊಸ್ತಿಲು ದಾಟಲಾಗದ ಸಂಕಟ ಅವಳ ಪಾಲಿಗೆ ಹೋಗಿತ್ತು. ಅದನ್ನು ನೋಡಿಯೂ ನನಗೆ ಹೊಟ್ಟೆಕಿಚ್ಚಾಯಿತು.